ಐದೇ ವೋಲ್ಟು

ಒಂಬತ್ತು ಬರಬೇಕಾದ ಕಡೆ ಐದೇ ಬರುತ್ತಿತ್ತು. ಬೆಳಿಗ್ಗೆಯಿಂದ ಮನೋಹರ ಮೀಟರಿನ ಮುಂದೆ ಕೂತು ಡಬ್ಬಿ ಬದಲಾಯಿಸಿ ನೋಡಿದ, ವೈರು ಬದಲಾಯಿಸಿ ನೋಡಿದ, ಚಾರ್ಜರು ಬದಲಾಯಿಸಿ ನೋಡಿದ, ಕೊನೆಗೆ ತಾನು ಕೂತಿದ್ದ ಕುರ್ಚಿಯನ್ನೂ ಬದಲಾಯಿಸಿದ. ಐದೇ ವೋಲ್ಟು. ಇಪ್ಪತ್ತೆರಡು ವರ್ಷ ಸರ್ಕ್ಯೂಟ್ ಬೋರ್ಡುಗಳನ್ನು ಬಿಚ್ಚಿ ಕಟ್ಟಿದ ಮನುಷ್ಯ, ಮೈಸೂರು ಹೆಬ್ಬಾಳದ ಈ ಸಣ್ಣ ಕಾರ್ಖಾನೆಯ ಟೆಸ್ಟಿಂಗ್ ವಿಭಾಗಕ್ಕೆ ಮುಖ್ಯಸ್ಥ, ಮನೋಹರ್ ಸಾರ್ ಬೋರ್ಡನ್ನು ಮೂಸಿದರೆ ಸಾಕು ಕಾಯಿಲೆ ಹೇಳುತ್ತಾರೆ ಎಂದು ಕ್ಯಾಂಟೀನಿನಲ್ಲಿ ಹೆಸರಾದವನು, ಈಗ ಅಂಗೈಯಗಲದ ಒಂದು ಹಸಿರು ಬೋರ್ಡಿನ ಮುಂದೆ ಪ್ರಶ್ನೆಪತ್ರಿಕೆ ತಲೆಕೆಳಗು ಹಿಡಿದ ಹುಡುಗನ ಹಾಗೆ ಕೂತಿದ್ದ. ಮೂಸಿಯೂ ನೋಡಿದ. ಬೋರ್ಡಿನ ವಾಸನೆ ಬಂತು, ಅಷ್ಟೆ.

ಡಬ್ಬಿ ಎಂದರೆ ಜಂಪ್ ಸ್ಟಾರ್ಟರ್. ಕಾರಿನ ಬ್ಯಾಟರಿ ಸತ್ತು ರಸ್ತೆ ಮಧ್ಯೆ ನಿಂತುಕೊಂಡಾಗ ಎರಡು ಕ್ಲಿಪ್ಪು ಕಚ್ಚಿಸಿ ಎಂಜಿನ್ನಿಗೆ ಜೀವ ಕೊಡುವ, ಇಟ್ಟಿಗೆಯಷ್ಟು ದಪ್ಪದ ಸಾಮಾನು. ಇಷ್ಟು ವರ್ಷ ಬೇರೆಯವರ ಬೋರ್ಡುಗಳನ್ನೇ ಮಾಡಿಕೊಡುತ್ತಿದ್ದ ಕಾರ್ಖಾನೆ ಮೊದಲ ಸಲ ತನ್ನ ಹೆಸರಲ್ಲಿ ಮಾಡಿದ ವಸ್ತು. ಒಂದೇ ಗಂಟೆಯಲ್ಲಿ ಫುಲ್ ಚಾರ್ಜ್ ಎಂದು ಮೈಮೇಲೆ ಹಳದಿ ಅಕ್ಷರದಲ್ಲಿ ಅಚ್ಚು ಹಾಕಿಸಿದ್ದರು. ಮೊದಲ ಕಂತಿನಲ್ಲಿ ಹೋದ ಇಪ್ಪತ್ನಾಲ್ಕೂ ಎರಡು ತಿಂಗಳೊಳಗೆ ವಾಪಸು ಬಂದವು. ಏಳು ಗಂಟೆ ಚುಚ್ಚಿಟ್ಟರೂ ತುಂಬುವುದಿಲ್ಲವಂತೆ. ಒಂದೋ ಎರಡೋ ಕೆಟ್ಟಿದ್ದರೆ ಹಾಳಾಗಿ ಹೋಗಲಿ ಅನ್ನಬಹುದಿತ್ತು, ಇಪ್ಪತ್ನಾಲ್ಕಕ್ಕೆ ಇಪ್ಪತ್ನಾಲ್ಕೂ ಕೆಟ್ಟಿದ್ದವು. ಕಳಿಸುವ ಮೊದಲು ಪ್ರತಿಯೊಂದನ್ನೂ ಟೆಸ್ಟ್ ಮಾಡಿ ಸಹಿ ಹಾಕಿದವನು ಇದೇ ಮನೋಹರ. ಆದರೆ ಬೋರ್ಡಿನ ನಕ್ಷೆ ಬರೆದವಳು ಹೇಮಶ್ರೀ. ಅವಳು ಸೇರಿ ಈ ಶುಕ್ರವಾರಕ್ಕೆ ಒಂದು ವರ್ಷ. ಕೆಲಸ ಕಾಯಂ ಆಗುವುದೋ ಬಿಡುವುದೋ ಅವತ್ತೇ ತೀರ್ಮಾನ. ಹೋಗುವಾಗ ಚೆನ್ನಾಗಿದ್ದು ಹೋದಮೇಲೆ ಕೆಡುತ್ತೆ ಅಂದರೆ ಡಿಸೈನೇ ಸರಿಯಿಲ್ಲ, ಹಾಗಿದ್ದರೆ ಈ ಹುಡುಗಿಯನ್ನು ಇಟ್ಟುಕೊಂಡು ಏನು ಮಾಡೋಣ ಎಂದು ಮಾಲೀಕ ವಿಜಯ್‌ಕುಮಾರ್ ಸೋಮವಾರವೇ ಎಲ್ಲರೆದುರು ಹೇಳಿಬಿಟ್ಟಿದ್ದ. ಶುಕ್ರವಾರ ನಾಲ್ಕು ಗಂಟೆಗೆ ಕಾರಣ ಬೇಕು ಎಂದಿದ್ದ. ಇವತ್ತು ಶುಕ್ರವಾರ.

ಅವಳು ಕೆಲಸಕ್ಕೆ ಸೇರಿದ ಹೊಸದರಲ್ಲಿ ನಡೆದದ್ದು ಮನೋಹರನಿಗೆ ಇನ್ನೂ ಚುರುಚುರು ಅನ್ನುತ್ತದೆ. ಹಿಂದಿನ ಚಾರ್ಜರುಗಳು ಗಂಗಾಳಕ್ಕೆ ಅನ್ನ ಬಡಿಸಿದ ಹಾಗೆ ಇದ್ದಷ್ಟನ್ನು ಸುರಿದು ಸುಮ್ಮನಾಗುತ್ತಿದ್ದವು. ಈಗಿನವು ಹಾಗಲ್ಲ, ಮೊದಲು ಕೇಳುತ್ತವೆ. ಎಷ್ಟು ಬೇಕು, ಒಂಬತ್ತೋ ಹನ್ನೆರಡೋ ಅಂತ. ಡಬ್ಬಿಯ ತೂತಿನೊಳಗೆ ಕೂದಲಗಲದ ಎರಡು ಕಾಲುಗಳಿವೆ, ಅವು ಉತ್ತರ ಕೊಡಬೇಕು. ಉತ್ತರ ತಡವರಿಸಿದರೆ ಚಾರ್ಜರು ಹೆಚ್ಚು ಮಾತಾಡುವುದಿಲ್ಲ, ಐದು ಕೊಟ್ಟು ಕೈತೊಳೆದುಕೊಳ್ಳುತ್ತದೆ. ಇದನ್ನೆಲ್ಲ ಇಪ್ಪತ್ತಮೂರು ವರ್ಷದ ಹುಡುಗಿ ಬಿಳಿ ಹಲಗೆಯ ಮೇಲೆ ಬರೆದು ವಿವರಿಸುವಾಗ ಮನೋಹರ ಹೂಂ ಹೂಂ ಎಂದು ತಲೆಯಾಡಿಸಿದ್ದ. ಗೊತ್ತಿಲ್ಲ ಎಂದು ಹೇಳುವುದಕ್ಕೆ ಬಾಯಿ ಬರಲಿಲ್ಲ. ಆ ಭಾನುವಾರ ರಾಜೀವನಗರದ ತನ್ನ ಮನೆಯ ಮಹಡಿ ಮೇಲೆ ಮೊಬೈಲಿನಲ್ಲಿ ಯಾವನೋ ಹಿಂದಿಯವನ ಪಾಠ ಕೇಳಿ ಕಲಿತುಕೊಂಡು, ಸೋಮವಾರ ಬಂದು ಅವಳಿಗೇ ಒಂದು ಪ್ರಶ್ನೆ ಹಾಕಿದ. ಅವಳು ಕಣ್ಣರಳಿಸಿ, ಸಾರ್ ನೀವು ಎಷ್ಟು ಆಳಕ್ಕೆ ಯೋಚನೆ ಮಾಡ್ತೀರ ಅಂದಳು. ಅವತ್ತಿನಿಂದ ಅವನಿಗೆ ಅವಳೆಂದರೆ ಸ್ವಲ್ಪ ಹೆದರಿಕೆ, ಹೆಚ್ಚು ಅಕ್ಕರೆ.

ಹನ್ನೊಂದೂವರೆಗೆ, ಮಾಡುವುದು ಇನ್ನೇನೂ ಉಳಿಯದೆ, ಚಾರ್ಜಿಂಗ್ ತೂತನ್ನು ಸೂಕ್ಷ್ಮದರ್ಶಕದ ಕೆಳಗೆ ಹಿಡಿದ. ಇದನ್ನು ಮೊದಲ ದಿನವೇ ಮಾಡಬೇಕಿತ್ತು. ಮೂಸುವವರಿಗೆ ನೋಡುವ ಅಭ್ಯಾಸ ಕಮ್ಮಿ. ತಗಡಿನ ಬಾಯೊಳಗೆ ಸಾಲಾಗಿ ಚಿನ್ನದ ಬಣ್ಣದ ಕಾಲುಗಳು ನಿಂತಿದ್ದವು, ಉತ್ತರ ಹೇಳಬೇಕಾದ ಆ ಎರಡು ಕಾಲುಗಳ ಬುಡದಲ್ಲಿ ಏನೋ ಕೆಂಪಗೆ ಮೆತ್ತಿಕೊಂಡಿತ್ತು. ತುಕ್ಕು ಅಂದುಕೊಂಡ. ತುಕ್ಕು ಇಷ್ಟು ಕೆಂಪಿರುವುದಿಲ್ಲ. ಮೇಣ ಅಂದುಕೊಂಡ. ಇನ್ನೊಂದು ಡಬ್ಬಿ ಬಿಚ್ಚಿದ, ಅಲ್ಲೂ ಕೆಂಪು. ಮೂರನೆಯದರಲ್ಲಿ ಕೆಂಪಿನ ಪಕ್ಕ ಅರಿಸಿನದ ಹಳದಿಯೂ ಇತ್ತು. ಸೂಜಿಯ ಮೊನೆಯಲ್ಲಿ ಒಂದು ಚೂರು ಕೆರೆದು ಬಿಳಿ ಕಾಗದದ ಮೇಲೆ ಒತ್ತಿದ. ಕಾಗದದ ಮೇಲೆ ಎಳೆದ ಆ ಸಣ್ಣ ಕೆಂಪು ಗೀರನ್ನು ನೋಡಿದ್ದೇ ಮನೋಹರ ಸೂಜಿಯನ್ನು ಕೆಳಗಿಟ್ಟ. ಅದು ಏನೆಂದು ಈ ಕಾರ್ಖಾನೆಯಲ್ಲಿ ಕುಂಕುಮ ಇಟ್ಟುಕೊಳ್ಳುವ ಯಾರು ಬೇಕಾದರೂ ಹೇಳಬಹುದಿತ್ತು. ಅದನ್ನು ಯಾರು ಇಟ್ಟಿದ್ದು ಎಂದು ಮಾತ್ರ ಅವನೇ ಹೇಳಬೇಕಿತ್ತು.

ಎರಡು ತಿಂಗಳ ಹಿಂದೆ, ಆಯುಧಪೂಜೆಯ ದಿನ. ಮೆಷೀನುಗಳಿಗೆಲ್ಲ ಬಾಳೆಕಂದು ಕಟ್ಟಿ, ಹೊಸ ಡಬ್ಬಿಗಳು ಇಪ್ಪತ್ನಾಲ್ಕನ್ನೂ ಮೇಜಿನ ಮೇಲೆ ಸಾಲಾಗಿ ಜೋಡಿಸಿ, ಎಲ್ಲರೂ ಪೂಜಾರಿಗೆ ಕಾಯುತ್ತಿದ್ದರು. ಆ ದಿನ ಮೈಸೂರಿನ ಪೂಜಾರಿಗಳಿಗಿರುವ ಬಿಡುವು ಎಂಥದ್ದು ಎಂದು ಎಲ್ಲರಿಗೂ ಗೊತ್ತು. ಹನ್ನೆರಡಾದರೂ ಆಸಾಮಿ ಪತ್ತೆಯಿಲ್ಲ. ಪ್ರತಿ ವರ್ಷದ ಹಾಗೆಯೇ ಮನೋಹರ ಗೇಟಿನಾಚೆ ಹೋಗಿ ಟೀ ಕುಡಿದುಕೊಂಡು ಬರುವುದಕ್ಕೆ ಚಪ್ಪಲಿ ಮೆಟ್ಟುತ್ತಿದ್ದ. ಅವನ ಮನೆಯಲ್ಲಿ ದೇವರಿಲ್ಲ, ಬುದ್ಧನಿದ್ದಾನೆ, ಬಾಬಾಸಾಹೇಬರ ಫೋಟೋ ಇದೆ. ಅದು ಕಾರ್ಖಾನೆಯಲ್ಲಿ ಎಲ್ಲರಿಗೂ ಗೊತ್ತು, ಯಾವ ಕೇರಿಯಿಂದ ಬಂದವನು ಎಂಬುದೂ ಗೊತ್ತು, ಯಾರೂ ಬಾಯಿಬಿಟ್ಟು ಏನೂ ಅನ್ನುವುದಿಲ್ಲ. ಆಗ ವಿಜಯ್‌ಕುಮಾರ್ ಕುಂಕುಮದ ತಟ್ಟೆ ಹಿಡಿದುಕೊಂಡು ಸುತ್ತ ನೋಡಿದ. ನೋಡಿ, ಎಲ್ಲರಿಗಿಂತ ಸೀನಿಯರ್ ನೀವೇ ಅಲ್ವಾ ಮನೋಹರ್, ಈ ಸಲ ನೀವೇ ಮಾಡಿಬಿಡಿ ಎಂದು ತಟ್ಟೆ ಚಾಚಿದ. ಒಂದು ಕ್ಷಣ ಸಾಕಿತ್ತು, ಇಲ್ಲ ಸಾರ್ ನಾವು ಮಾಡಲ್ಲ ಎಂದು ಹೇಳುವುದಕ್ಕೆ. ಆ ಕ್ಷಣ ಬಂತು, ನಿಂತಿತು, ಹೋಯಿತು. ಮನೋಹರ ಚಪ್ಪಲಿ ಬಿಟ್ಟ.

ಬಿಟ್ಟವನು ಸುಮ್ಮನೆ ಚಿಟಿಕೆಯಷ್ಟು ಇಟ್ಟು ಬಂದಿದ್ದರೆ ಇವತ್ತಿನ ದಿನ ಬರುತ್ತಿರಲಿಲ್ಲ. ಪೂಜೆ ಗೊತ್ತಿದ್ದವರು ಹೇಗೆ ಇಡುತ್ತಾರೆ? ಬೆರಳ ತುದಿಗೆ ಒಂದು ಚೂರು ಒಣ ಕುಂಕುಮ, ಮುಟ್ಟಿಸಿ ಮುಂದಕ್ಕೆ. ಆದರೆ ಇವನು ಹೊಸಬ. ಹೊಸದರಲ್ಲಿ ಅಗಸ ಗೋಣಿ ಎತ್ತೆತ್ತಿ ಒಗೆದನಂತೆ. ಇವನಿಗೆ ಬರುವುದಿಲ್ಲ ಎಂದು ಯಾರೂ ಅನ್ನಬಾರದು ಎಂದು ಅರಿಸಿನ ಕುಂಕುಮ ಎರಡನ್ನೂ ನೀರಲ್ಲಿ ಕಲಸಿ, ಗೊಜ್ಜು ಮಾಡಿ, ಒಂದೊಂದು ಡಬ್ಬಿಗೂ ಹೆಬ್ಬೆರಳಲ್ಲಿ ಒತ್ತಿ ಒತ್ತಿ ಇಟ್ಟ. ಡಬ್ಬಿಗೆ ಹಣೆ ಎಲ್ಲಿ? ಎದುರಿಗೆ ಕಾಣುವ ಚಪ್ಪಟೆ ಜಾಗ. ಅದರ ನಟ್ಟನಡುವೆ ಒಂದು ಸಣ್ಣ ಉದ್ದನೆಯ ತೂತು. ಅದರ ಮೇಲೇ ಇಟ್ಟ. ಇಪ್ಪತ್ನಾಲ್ಕಕ್ಕೂ ಇಟ್ಟು, ಮಂಗಳಾರತಿ ಎತ್ತಿ, ಬೂದುಗುಂಬಳಕಾಯಿಯನ್ನೂ ತಾನೇ ಒಡೆದ. ಮಾರನೆಯ ದಿನ ರಜೆ. ಅದರ ಮಾರನೆಯ ದಿನ ಪ್ಯಾಕಿಂಗಿಗೆ ಮೊದಲು ಕುಂಕುಮ ಕಾಣಬಾರದೆಂದು ಒದ್ದೆ ಬಟ್ಟೆಯಲ್ಲಿ ಉಜ್ಜಿ ಒರೆಸಿದವನೂ ಅವನೇ. ಹೊರಗಿನದು ಹೋಯಿತು, ಮಿಕ್ಕಿದ್ದು ಒಳಗೆ ಇಳಿಯಿತು. ಟೆಸ್ಟು ಪೂಜೆಗೆ ಮೊದಲೇ ಮುಗಿದಿತ್ತಲ್ಲ, ಮತ್ತೆ ಯಾಕೆ ಮಾಡಬೇಕು? ಇಷ್ಟು ಅಚ್ಚುಕಟ್ಟಾಗಿ ಕೆಡಿಸಬೇಕು ಎಂದು ವೈರಿಯೊಬ್ಬ ಕೂತು ಯೋಚಿಸಿದ್ದರೂ ಇದರ ಅರ್ಧ ಹೊಳೆಯುತ್ತಿರಲಿಲ್ಲ ಎನಿಸಿ ಮನೋಹರನಿಗೆ ಒಬ್ಬನೇ ನಗು ಬಂತು.

ನಗು ಬೇಗ ನಿಂತಿತು. ಪೂಜೆಯ ದಿನ ಸಂಜೆ ಮನೆಗೆ ಹೋದಾಗ ಅಪ್ಪ ಮಂಟಯ್ಯ ಜಗುಲಿಯ ಮೇಲೆ ಕೂತಿದ್ದರು. ಎಪ್ಪತ್ತೊಂಬತ್ತು ವರ್ಷ, ಕಾರ್ಖಾನೆಯೊಂದರಲ್ಲಿ ಮೂವತ್ತು ವರ್ಷ ಮೂಟೆ ಹೊತ್ತವರು, ಬೌದ್ಧ ದೀಕ್ಷೆ ತಗೊಂಡ ದಿನ ಮನೆಯ ದೇವರ ಪಟಗಳನ್ನೆಲ್ಲ ಗಂಟು ಕಟ್ಟಿ ತಮ್ಮ ಅಕ್ಕನ ಮನೆಗೆ ಕೊಟ್ಟು ಬಂದವರು. ಪೂಜೆ ಆಯ್ತೇನಪ್ಪ ನಿಮ್ಮ ಕಂಪನೀಲಿ ಎಂದು ಸುಮ್ಮನೆ ಕೇಳಿದರು. ಆಯ್ತು, ನಾನು ಗೇಟಿನಾಚೆ ಟೀ ಕುಡೀತಿದ್ದೆ ಅಂದ ಮನೋಹರ. ಇಷ್ಟಕ್ಕೇ ಬಿಟ್ಟಿದ್ದರೆ ಅದೊಂದು ಸಣ್ಣ ಸುಳ್ಳು. ಮಾರನೆಯ ದಿನ, ದಸರೆಗೆ, ಬಡಾವಣೆಯ ಬುದ್ಧವಿಹಾರದಲ್ಲಿ ಬಾಬಾಸಾಹೇಬರು ಬೌದ್ಧರಾದ ನೆನಪಿಗೆ ಧಮ್ಮಚಕ್ರ ದಿನದ ಸಭೆ. ನಾಲ್ಕು ಮಾತಾಡಿ ಎಂದು ಮೈಕು ಕೊಟ್ಟರು. ನಾಲ್ಕು ಮಾತು ನಲವತ್ತು ನಿಮಿಷವಾಯಿತು. ಕೆಲಸ ಮಾಡುವ ಜಾಗದಲ್ಲಿ ನಾವು ಬಗ್ಗಬಾರದು, ತಟ್ಟೆ ಎದುರಿಗೆ ಬಂದರೂ ಬೇಡ ಎಂದು ಹೇಳುವ ಎದೆಗಾರಿಕೆ ಬೇಕು, ನಿನ್ನೆ ನನಗೂ ಬಂತು, ನಾನು ಹೊರಗೆ ನಡೆದೆ ಎಂದುಬಿಟ್ಟ. ಚಪ್ಪಾಳೆ ಬಿತ್ತು. ಮುಂದಿನ ಸಾಲಿನಲ್ಲಿ ಅಪ್ಪ ಕೋಲಿನ ಮೇಲೆ ಎರಡೂ ಕೈಯಿಟ್ಟು ಮಗನನ್ನೇ ನೋಡುತ್ತಿದ್ದರು. ಮಗಳು ಪ್ರೀತಿ ವಿಡಿಯೋ ಮಾಡಿ ಮನೆಯವರ ಗುಂಪಿಗೆ ಹಾಕಿದಳು. ಆ ನಲವತ್ತು ನಿಮಿಷವೂ ಮನೋಹರನ ಬಲಗೈ ಪ್ಯಾಂಟಿನ ಜೇಬಿನಲ್ಲಿಯೇ ಇತ್ತು, ಹೆಬ್ಬೆರಳ ಉಗುರಿನ ಸಂದಿಯ ಕೆಂಪು ಎಷ್ಟು ತಿಕ್ಕಿದರೂ ಹೋಗಿರಲಿಲ್ಲ. ವಿಡಿಯೋ ನೋಡಿದ ಹೆಂಡತಿ ನಯನಾ, ಏನ್ರೀ ಇದು, ದೊಡ್ಡ ಮಂತ್ರಿಗಳ ಥರ ಒಂದು ಕೈ ಜೇಬಲ್ಲಿಟ್ಟುಕೊಂಡು ಭಾಷಣ ಹೊಡೆದಿದ್ದೀರ ಎಂದು ಹಾಸ್ಯ ಮಾಡಿದ್ದಳು. ಹೇಳೋದು ಆಚಾರ, ತಿನ್ನೋದು ಬದನೆಕಾಯಿ. ಆ ಗಾದೆ ಬೇರೆ ಜಾತಿಯವರಿಗೆ ಹೇಳಿದ್ದು ಎಂದು ಅವನು ಇಷ್ಟು ದಿನ ತಿಳಿದುಕೊಂಡಿದ್ದ.

ಮನೋಹರ ಎದ್ದು ಬಾಗಿಲ ಚಿಲಕ ಹಾಕಿದ. ಹಳೇ ಟೂತ್ ಬ್ರಶ್ಶನ್ನು ಸ್ಪಿರಿಟ್ಟಿನಲ್ಲಿ ಅದ್ದಿ ಒಂದು ಡಬ್ಬಿಯ ತೂತನ್ನು ಹಲ್ಲುಜ್ಜಿದ ಹಾಗೆ ಉಜ್ಜಿದ, ಬಿಸಿಗಾಳಿ ಹೊಡೆದ, ಚಾರ್ಜರು ಚುಚ್ಚಿದ. ಮೀಟರು ಐದು ತೋರಿಸಿ, ಒಂದು ಉಸಿರು ತಡೆದು, ಒಂಬತ್ತಕ್ಕೆ ಹಾರಿತು. ಆಹಾ ಎಂದು ಬಾಯಿಂದ ಬಂದೇಬಿಟ್ಟಿತು. ಎಷ್ಟಾದರೂ ಕಸುಬಿನವನು, ಯಾರು ಮಾಡಿದ ತಪ್ಪಾದರೂ ಸರಿಹೋದಾಗ ಆಗುವ ಖುಷಿ ಒಂದೇ. ಎರಡನೆಯದು, ಮೂರನೆಯದು, ಆರರ ತನಕ ಉಜ್ಜಿದ, ಆರೂ ಒಂಬತ್ತು. ಊಟದ ಹೊತ್ತಿಗೆ ಅವನ ತಲೆಯಲ್ಲಿ ಒಂದು ರಿಪೋರ್ಟು ತಾನಾಗಿ ತಯಾರಾಗುತ್ತಿತ್ತು. ಸಂಗ್ರಹಿಸಿಟ್ಟ ಜಾಗದ ತೇವಾಂಶದಿಂದ ಹೀಗಾಗಿರಬಹುದು, ಶುಚಿಗೊಳಿಸಿದ ನಂತರ ಸರಿಯಾಗಿದೆ, ಮುಂದೆ ಗಮನಿಸಲಾಗುವುದು. ಅಡ್ಡಗೋಡೆಯ ಮೇಲೆ ದೀಪ ಇಟ್ಟ ಹಾಗೆ. ಆದರೆ ಇಷ್ಟಕ್ಕೆ ವಿಜಯ್‌ಕುಮಾರ್ ಬಿಡುವನೇ? ತೇವ ತಡೆಯದ ಬೋರ್ಡು ಬರೆದವರು ಯಾರು ಎಂದು ಕೇಳುತ್ತಾನೆ. ಕೇಳಿದರೆ ಕೇಳಲಿ, ಹುಡುಗಿ ಜಾಣೆ, ಎಲ್ಲಿಯಾದರೂ ಕೆಲಸ ಸಿಗುತ್ತದೆ ಎಂದು ಮನಸ್ಸಿನ ಒಂದು ಮೂಲೆ ಹೇಳಿತು. ಮಂಗ ಮೊಸರು ತಿಂದು ಮೇಕೆಯ ಬಾಯಿಗೆ ಒರೆಸುವುದು ಎಂದರೆ ಇದೇ ತಾನೆ ಎಂದು ಇನ್ನೊಂದು ಮೂಲೆ ಹೇಳಿತು. ಎರಡೂ ಮೂಲೆಗಳು ಜಗಳ ಆಡಿಕೊಳ್ಳಲಿ ಎಂದು ಬಿಟ್ಟು ಅವನು ಬುತ್ತಿ ಬಿಚ್ಚಿದ. ಎರಡು ತುತ್ತು ತಿಂದು ಮುಚ್ಚಿಟ್ಟ.

ಬಾಗಿಲು ತಟ್ಟಿದ ಸದ್ದಾಯಿತು. ಸ್ಪಿರಿಟ್ಟು, ಬ್ರಶ್ಶು, ಕೆಂಪು ಗೀರಿನ ಕಾಗದ ಎಲ್ಲವನ್ನೂ ಗಡಿಬಿಡಿಯಲ್ಲಿ ಡ್ರಾಯರಿಗೆ ತುರುಕಿ ಬಾಗಿಲು ತೆಗೆದರೆ ಹೇಮಶ್ರೀ. ಕಣ್ಣಿನ ಕೆಳಗೆ ಕಪ್ಪಾಗಿತ್ತು. ನಾಲ್ಕು ದಿನದಿಂದ ಅವಳು ಸರಿಯಾಗಿ ನಿದ್ದೆ ಮಾಡಿದ ಹಾಗಿರಲಿಲ್ಲ. ಮೀಟಿಂಗನ್ನು ಮೂರು ಗಂಟೆಗೇ ಇಟ್ಟಿದ್ದಾರಂತೆ, ಬನ್ನಿ ಸಾರ್ ಎಂದು ಹೇಳಿದಳು. ಹೇಳಿ, ಕೋಣೆಯ ಗಾಳಿಯನ್ನು ಒಮ್ಮೆ ಒಳಗೆಳೆದುಕೊಂಡಳು. ಸ್ಪಿರಿಟ್ಟಿನ ವಾಸನೆ ಎಲ್ಲಿ ಅಡಗುತ್ತದೆ? ನೆಗಡಿಯಾಗಿದೆ ಕಣಮ್ಮ ಅಂದ ಮನೋಹರ. ಸ್ಪಿರಿಟ್ಟಿಗೂ ನೆಗಡಿಗೂ ಏನು ಸಂಬಂಧ ಎಂದು ಅವಳು ಕೇಳಲಿಲ್ಲ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿಕೊಂಡನಂತೆ. ಇಲ್ಲಿ ಯಾರೂ ಕಳ್ಳ ಎಂದೂ ಅಂದಿರಲಿಲ್ಲ.

ವಿಜಯ್‌ಕುಮಾರನ ಕೋಣೆಯಲ್ಲಿ ಎ.ಸಿ. ಜೋರಾಗಿತ್ತು. ಮೂರೇ ಜನ. ಮನೋಹರ ಗಂಟಲು ಸರಿಮಾಡಿಕೊಂಡು ತನ್ನ ತೇವಾಂಶವನ್ನು ಹೊರತೆಗೆಯುವಷ್ಟರಲ್ಲಿ ಹೇಮಶ್ರೀ ಎರಡು ಹಾಳೆಗಳನ್ನು ಮೇಜಿನ ಮೇಲಿಟ್ಟಳು. ಅವಳೇ ರಿಪೋರ್ಟು ಬರೆದುಕೊಂಡು ಬಂದಿದ್ದಳು. ಚಾರ್ಜಿಂಗ್ ತೂತಿನ ಹತ್ತಿರ ನಾನು ಎಳೆದ ತಾಮ್ರದ ಗೆರೆಗಳು ತೀರಾ ಹತ್ತಿರವಾಗಿವೆ, ಸ್ವಲ್ಪ ಕೊಳೆ ಸೇರಿದರೂ ಉತ್ತರ ಹೇಳುವ ಕಾಲು ತಡವರಿಸುತ್ತದೆ, ಇದು ನನ್ನ ತಪ್ಪು, ಮುಂದಿನ ಇನ್ನೂರು ಬೋರ್ಡಿಗೆ ತಿದ್ದಿಕೊಡುತ್ತೇನೆ, ಎಂದಿತ್ತು. ಮನೋಹರ ಅದನ್ನು ಎರಡು ಸಲ ಓದಿದ. ಆ ಗೆರೆಗಳಲ್ಲಿ ಯಾವ ತಪ್ಪೂ ಇರಲಿಲ್ಲ. ಅವನ್ನು ಸರಿಯಾಗಿವೆ ಎಂದು ಪರೀಕ್ಷಿಸಿ ಒಪ್ಪಿಗೆ ಕೊಟ್ಟವನು ತಾನೇ. ವಿಜಯ್‌ಕುಮಾರ್ ಹಾಳೆ ಮಡಚಿಟ್ಟು, ತಪ್ಪು ಒಪ್ಪಿಕೊಂಡಿದ್ದು ಒಳ್ಳೇದೇ ಕಣಮ್ಮ, ಆದರೆ ನಮಗೆ ಇಂಥ ತಪ್ಪು ಮಾಡದೆ ಇರೋರು ಬೇಕು, ಈ ತಿಂಗಳ ಕೊನೆಗೆ ನೋಡೋಣ ಎಂದು ಮೆತ್ತಗೆ ಹೇಳಿದ. ಮೆತ್ತಗೆ ಹೇಳಿದ್ದಕ್ಕೇ ಅದು ಮುಗಿಯಿತು ಎಂದು ಗೊತ್ತಾಯಿತು. ಅವಳು ತಲೆಯಾಡಿಸಿದಳು. ಅಳಲಿಲ್ಲ. ಅತ್ತಿದ್ದರೆ ಮನೋಹರ ಸಮಾಧಾನ ಮಾಡಿ ಸುಮ್ಮನೆ ಕೂತುಬಿಡುತ್ತಿದ್ದನೋ ಏನೋ.

"ಅದು ಕುಂಕುಮ ಸಾರ್," ಅಂದ.

ಇಬ್ಬರೂ ತಿರುಗಿ ನೋಡಿದರು. ವಿಹಾರದಲ್ಲಿ ನಲವತ್ತು ನಿಮಿಷ ನಿಲ್ಲದೆ ಹರಿದ ನಾಲಿಗೆ ಇಲ್ಲಿ ಒಂದೊಂದು ಮಾತಿಗೂ ಎಡವಿತು. ಗೆರೆ ಸರಿಯಾಗಿದೆ, ಹುಡುಗಿದು ಏನೂ ತಪ್ಪಿಲ್ಲ, ಆಯುಧಪೂಜೆ ದಿನ ತೂತಿನ ಮೇಲೇ ಕುಂಕುಮ ಹತ್ತಿಸಿದ್ದು, ಒದ್ದೆ ಬಟ್ಟೆಯಲ್ಲಿ ಒರೆಸಿ ಒಳಕ್ಕೆ ತಳ್ಳಿದ್ದು, ಬೆಳಿಗ್ಗೆ ಆರು ಡಬ್ಬಿ ತೊಳೆದಿದ್ದು, ಆರೂ ಸರಿಹೋಗಿದ್ದು, ಎಲ್ಲ ಹೇಳಿದ. ಕೊನೆಗೆ, ಇಟ್ಟವನು ನಾನೇ ಎಂದೂ ಹೇಳಿದ. ಹೇಳಿ, ಏನು ಬೇಕಾದರೂ ಬರಲಿ ಎಂದು ಮೈ ಬಿಗಿಹಿಡಿದು ಕೂತ. ಪೂಜೆ ಬಾರದವನ ಕೈಗೆ ಕೊಟ್ಟಿದ್ದು ನಂದೇ ತಪ್ಪು ಅನ್ನಬಹುದು. ಬೇಕೆಂದೇ ಮಾಡಿದೆಯಾ ಅನ್ನಬಹುದು. ಅದಕ್ಕೆಲ್ಲ ಉತ್ತರವೂ ಸಿದ್ಧವಾಗಿತ್ತು.

ವಿಜಯ್‌ಕುಮಾರ್ ಹುಬ್ಬು ಗಂಟಿಕ್ಕಿ ನೆನಪು ಮಾಡಿಕೊಂಡ. "ಪೂಜೆ ನೀವ್ ಮಾಡಿದ್ರಾ? ಪೂಜಾರಪ್ಪ ಬಂದಿದ್ರಲ್ವಾ ಈ ಸಲ?"

ಬಂದಿರಲಿಲ್ಲ ಸಾರ್, ನೀವೇ ತಟ್ಟೆ ಕೊಟ್ಟಿರಿ ಎಂದ ಮನೋಹರ. ಹೌದಾ, ಇರಬಹುದು, ಅವತ್ತು ನನಗೆ ನಾಲ್ಕು ಕಡೆ ಪೂಜೆ ಇತ್ತು ಕಣ್ರೀ ಎಂದು ವಿಜಯ್‌ಕುಮಾರ್ ನಕ್ಕ. ನಿಜವಾಗಿ ನಕ್ಕ, ಹೊಟ್ಟೆ ಕುಣಿಯುವ ಹಾಗೆ. ಕುಂಕುಮಕ್ಕೆ ಇಪ್ಪತ್ನಾಲ್ಕು ಪೀಸು ಮಲಗಿದವಾ ಎಂದು ಮತ್ತೆ ನಕ್ಕ. ಹೇಮಶ್ರೀಯ ಹಾಳೆಗಳನ್ನು ಹರಿದು ಬುಟ್ಟಿಗೆ ಹಾಕಿ, ನಿನ್ನ ಆರ್ಡರು ಸೋಮವಾರ ಟೈಪ್ ಮಾಡಿಸ್ತೀನಿ, ಇನ್ನೊಂದು ಸಲ ಮಾಡದ ತಪ್ಪು ಒಪ್ಪಿಕೊಂಡರೆ ಆಗ ನಿಜವಾಗಲೂ ಕಳಿಸಿಬಿಡ್ತೀನಿ ಅಂದ. ಮನೋಹರನಿಗೆ, ರಿಪೋರ್ಟಿನಲ್ಲಿ ಕುಂಕುಮ ಅಂತ ಬರೀಬೇಡಿ, ಗಿರಾಕಿಗಳು ನಗ್ತಾರೆ, ತೇವಾಂಶ ಅಂತ ಬರೆದುಬಿಡಿ ಎಂದ. ಅಷ್ಟರಲ್ಲಿ ಫೋನು ಬಂತು, ಅದನ್ನೆತ್ತಿಕೊಂಡು ಕೈಸನ್ನೆಯಲ್ಲೇ ಇಬ್ಬರನ್ನೂ ಹೊರಕ್ಕೆ ಕಳಿಸಿದ.

ಮೆಟ್ಟಿಲಿಳಿಯುವಾಗ ಮನೋಹರನಿಗೆ ಹಗುರವಾಗಬೇಕಿತ್ತು. ಆಗಲಿಲ್ಲ. ಎರಡು ತಿಂಗಳಿಂದ ತನ್ನ ತಲೆಯ ಮೇಲೆ ಕಲ್ಲಿನಂತೆ ಕೂತಿದ್ದ ಸಂಗತಿ, ಸುಳ್ಳು ಹೇಳಿಸಿದ, ಭಾಷಣ ಮಾಡಿಸಿದ, ಬೆರಳು ಬಚ್ಚಿಡಿಸಿದ ಸಂಗತಿ ಮಾಲೀಕನಿಗೆ ನೆನಪೇ ಇಲ್ಲವಲ್ಲ. ಯಾರ ಕೈಗೋ ಒಂದು ತಟ್ಟೆ ಕೊಟ್ಟಿದ್ದ, ಆ ಯಾರೋ ಯಾರು ಎಂಬುದನ್ನು ಅವತ್ತೇ ಮರೆತಿದ್ದ. ಬೈಸಿಕೊಳ್ಳುವುದಕ್ಕೆ ಸಿದ್ಧನಾಗಿ ಹೋದವನಿಗೆ ಬೈಗುಳವೂ ಸಿಗದೆ ಹೋದರೆ ಎಂಥ ಅವಮಾನ ಎಂದು ಯಾರ ಹತ್ತಿರ ಹೇಳಿಕೊಳ್ಳುವುದು? ಟೆಸ್ಟಿಂಗ್ ಕೋಣೆಗೆ ಬಂದು ಉಳಿದ ಹದಿನೆಂಟು ಡಬ್ಬಿಗಳನ್ನು ಎಳೆದುಕೊಂಡು ಕೂತ. ಹೇಮಶ್ರೀ ಹಿಂದೆಯೇ ಬಂದು ಇನ್ನೊಂದು ಬ್ರಶ್ಶು ತಗೊಂಡಳು. ಬಹಳ ಹೊತ್ತು ಇಬ್ಬರೂ ಉಜ್ಜಿದರು. ನಿನ್ನ ಗೆರೆ ಸರಿಯಿದ್ದದ್ದು ನಿನಗೆ ಗೊತ್ತಿರಲಿಲ್ಲವೇ, ಯಾಕಮ್ಮ ಹಾಗೆ ಬರೆದೆ ಎಂದು ಕೊನೆಗೆ ಅವನೇ ಕೇಳಿದ.

ಅವಳು ತಲೆಯೆತ್ತಲಿಲ್ಲ. "ಮಂಗಳವಾರನೇ ನೋಡ್ದೆ ಸಾರ್, ಕೆಂಪಗಿರೋದನ್ನ. ನಿಮಗೂ ಗೊತ್ತಿರತ್ತೆ, ನೀವೇ ಹೇಳ್ತೀರ ಅನ್ಕೊಂಡೆ. ಹೇಳ್ಲಿಲ್ಲ."

ನನಗೆ ಗೊತ್ತಾಗಿದ್ದೇ ಇವತ್ತು ಬೆಳಿಗ್ಗೆ ಎಂದು ಹೇಳಲು ಬಾಯಿ ತೆರೆದ, ಬೆಳಿಗ್ಗೆಯಿಂದ ಮೂರು ಗಂಟೆಯವರೆಗಿನ ತನ್ನ ತೇವಾಂಶ ನೆನಪಾಗಿ ಮುಚ್ಚಿದ. ಹಾಗಿದ್ದರೆ ನೀನೇ ಹೇಳಬಹುದಿತ್ತಲ್ಲ, ನಿನ್ನ ಕೆಲಸದ ವಿಷಯ, ಎಂದ. ಅವಳು ಬ್ರಶ್ಶು ಕೆಳಗಿಟ್ಟಳು.

"ಅವತ್ತು ತಟ್ಟೆ ಹಿಡ್ಕೊಂಡಾಗ ನಿಮ್ಮ ಮುಖ ನೋಡಿದ್ದೆ ಸಾರ್. ಎಷ್ಟು ಖುಷಿಯಾಗಿದ್ರಿ. ಇಲ್ಲಿಗೆ ಬಂದಾಗಿಂದ ನಿಮ್ಮನ್ನ ಅಷ್ಟು ಖುಷಿಯಾಗಿ ನಾನು ನೋಡೇ ಇರ್ಲಿಲ್ಲ. ಅದೇ ಕುಂಕುಮದಿಂದ ಹಿಂಗಾಯ್ತು ಅಂತ ನಾನೇ ಹೆಂಗೆ ಹೇಳ್ಲಿ?"

ಮನೋಹರ ಮುಖ ತಿರುಗಿಸಿದ. ಸ್ಪಿರಿಟ್ಟು ಕಣ್ಣಿಗೆ ಹಾರಿತು ಎಂದು ಸುಳ್ಳು ಹೇಳಬೇಕೆನಿಸಿತು, ಆದರೆ ಇವತ್ತಿಗೆ ನೆಗಡಿಯೇ ಸಾಕಾಗಿತ್ತು. ಯಾರಿಗೂ ಕಂಡಿಲ್ಲ ಎಂದುಕೊಂಡಿದ್ದನ್ನು ಈ ಹುಡುಗಿ ನೋಡಿಬಿಟ್ಟಿದ್ದಳು. ಬಲವಂತಕ್ಕೆ ಮಾಡಿದೆ, ಬೇಡ ಅನ್ನಲಾಗಲಿಲ್ಲ, ಕೆಲಸ ಮಾಡುವ ಜಾಗ, ದಾಕ್ಷಿಣ್ಯ ಎಂದು ಎರಡು ತಿಂಗಳಿಂದ ತನಗೆ ತಾನೇ ಹೇಳಿಕೊಂಡು ಬಂದದ್ದೆಲ್ಲ ಬೊಗಳೆ. ಬಲವಂತ ಎಲ್ಲಿತ್ತು? ತಟ್ಟೆ ಕೈಗೆ ಬಂದಾಗ ಅವನ ಮೈ ಜುಮ್ಮೆಂದಿತ್ತು. ಹಿತ್ತಾಳೆ ತಟ್ಟೆಯ ತಣ್ಣನೆಯ ಅಂಚು ಬೆರಳಿಗೆ ತಾಗಿದ್ದು, ಸುತ್ತ ನಿಂತವರು ಇವನಿಗಾಗಿ ಅರ್ಧ ಹೆಜ್ಜೆ ಹಿಂದೆ ಸರಿದು ದಾರಿಬಿಟ್ಟಿದ್ದು, ಆರತಿ ಮುಟ್ಟಲು ಅವರೆಲ್ಲ ಇವನ ಕೈಯ ಮುಂದೆ ಕೈ ಚಾಚಿದ್ದು. ಕುಂಕುಮ ಗಟ್ಟಿಯಾಗಿ ಒತ್ತಿದ್ದು ಹೆದರಿಕೆಗಲ್ಲ. ಬೇಗ ಮುಗಿದುಹೋಗಬಾರದು ಎಂದು ನಿಧಾನವಾಗಿ ಒತ್ತಿದ್ದ.

ಹದಿನೆಂಟೂ ಮುಗಿದಾಗ ಐದೂವರೆ. ಎಲ್ಲಾ ಒಂಬತ್ತು ತೋರಿಸಿದವು. ಸ್ಕೂಟರಿನಲ್ಲಿ ರಿಂಗ್ ರಸ್ತೆಯ ಉದ್ದಕ್ಕೂ ಮನೋಹರ ಮನೆಯಲ್ಲಿ ಹೇಳಬೇಕಾದ್ದನ್ನು ಜೋಡಿಸಿಕೊಂಡ. ಶಿಫ್ಟು ಬಿಟ್ಟ ಬಸ್ಸುಗಳು ಪಕ್ಕದಲ್ಲಿ ಹಾರನ್ನು ಹೊಡೆದುಕೊಂಡು ಹೋದವು. ಕುಂಕುಮ ಇಟ್ಟೆ ಎಂದು ಹೇಳುವುದು ಸುಲಭ. ಕೆಲಸದ ಜಾಗ, ಮಾಲೀಕ ಕೊಟ್ಟ, ಆಗಲಿಲ್ಲ ಎಂದರೆ ಅಪ್ಪ ಎರಡು ದಿನ ಮಾತು ಬಿಟ್ಟಾರು, ಮೂರನೆಯ ದಿನ ಸರಿಹೋದಾರು. ಖುಷಿಯಾಗಿತ್ತು ಎಂದು ಹೇಳುವುದು ಹೇಗೆ? ಯಾರ ಮುಂದೆ? ಹೇಳದೆಯೂ ಬದುಕಬಹುದು, ಎರಡು ತಿಂಗಳು ಬದುಕಿರಲಿಲ್ಲವೇ. ಆದರೆ ಒಬ್ಬಳು ಹುಡುಗಿ ಅವನ ಆ ಖುಷಿಯನ್ನು ಕಾಯುವುದಕ್ಕೆ ಕೆಲಸವನ್ನೇ ಕಳೆದುಕೊಳ್ಳಲು ಹೊರಟಿದ್ದಳು. ಅದನ್ನು ಇನ್ನೂ ಬಚ್ಚಿಟ್ಟುಕೊಂಡು ತಿರುಗಿದರೆ ತನ್ನಂಥ ನಾಚಿಕೆಗೆಟ್ಟವನಿಲ್ಲ ಎನಿಸಿತು.

ಅಪ್ಪ ಜಗುಲಿಯಲ್ಲಿಯೇ ಇದ್ದರು. ನಯನಾ ಬಾಗಿಲ ಬಳಿ ಕೂತು ಅವರೆಕಾಯಿ ಬಿಡಿಸುತ್ತಿದ್ದಳು. ಮನೋಹರ ಹೆಲ್ಮೆಟ್ಟನ್ನೂ ಪೂರ್ತಿ ಬಿಚ್ಚದೆ, ನಿಂತುಕೊಂಡೇ ಹೇಳಿದ. ಅವತ್ತು ಗೇಟಿನಾಚೆ ಹೋಗಲಿಲ್ಲ, ಪೂಜೆ ಮಾಡಿದೆ, ಸಭೆಯಲ್ಲಿ ಸುಳ್ಳು ಹೇಳಿದೆ. ಇಷ್ಟು ಒಂದೇ ಉಸಿರಿಗೆ ಬಂತು. ನಯನಾ ಕೈ ನಿಲ್ಲಿಸಿ ಮಾವನ ಮುಖ ನೋಡಿದಳು. ಮಿಕ್ಕಿದ್ದಕ್ಕೆ ಮನೋಹರ ಹೆಲ್ಮೆಟ್ಟು ತೆಗೆದು ಕೈಯಲ್ಲಿ ಹಿಡಿದುಕೊಳ್ಳಬೇಕಾಯಿತು.

"ಮಾಡುವಾಗ ನಂಗೆ ಖುಷಿಯಾಯ್ತಪ್ಪ," ಅಂದ. "ಬೋ ಖುಷಿಯಾಯ್ತು."

ಅಪ್ಪ ಕೋಲಿನ ಹಿಡಿಯನ್ನು ಹೆಬ್ಬೆರಳಿನಿಂದ ಸವರುತ್ತ ರಸ್ತೆಯ ಕಡೆ ನೋಡಿದರು. ಬೈಯುತ್ತಾರೆ ಎಂದು ಮನೋಹರ ಕಾದ. ಐವತ್ತು ವರ್ಷ ಈ ಮನೆಯಲ್ಲಿ ಒಂದು ಊದಿನಕಡ್ಡಿ ಹಚ್ಚಗೊಡದವರು, ಬೈಯದೆ ಬಿಡುವುದುಂಟೇ.

"ತಟ್ಟೆ ಯಾರ್ ಕೊಟ್ಟೋರು?" ಎಂದರು ಅಪ್ಪ.

"ಓನರ್ರೇ."

"ಕೈಗ್ ಕೊಟ್ರಾ, ಕೆಳಕ್ಕಿಟ್ರಾ?"

"ಕೈಗೇ ಕೊಟ್ರು ಅಪ್ಪ," ಅಂದ. ಕೊಟ್ಟವನಿಗೆ ಅದು ನೆನಪಿಲ್ಲ ಎಂಬುದೊಂದನ್ನು ಹೇಳಲಿಲ್ಲ.

"ನಮ್ ಫ್ಯಾಕ್ಟ್ರೀಲಿ ನಮ್ಗೆ ಪ್ರಸಾದನೂ ಕೆಳಕ್ಕಿಡೋರು ಕಣಪ್ಪ. ಮೂವತ್ತೊರ್ಸನೂವೆ," ಎಂದರು ಅಪ್ಪ. ಇದನ್ನು ಅವರು ಇವತ್ತಿನ ತನಕ ಮನೆಯಲ್ಲಿ ಯಾರಿಗೂ ಹೇಳಿರಲಿಲ್ಲ, ಯಾವ ಸಭೆಯಲ್ಲಿಯೂ ಹೇಳಿರಲಿಲ್ಲ. ನಯನಾಳ ಮಡಿಲಿನಿಂದ ಅವರೆಕಾಳು ನಾಲ್ಕು ಉರುಳಿ ಮೆಟ್ಟಿಲ ಮೇಲೆ ಬಿದ್ದವು. ಅಪ್ಪ ರಸ್ತೆಯಿಂದ ಕಣ್ಣು ತೆಗೆದು ಮಗನ ಬಲಗೈಯನ್ನು ನೋಡಿದರು.

"ಕೈಗೇ ಕೊಟ್ರಾ?"

ಅವರ ಕಿವಿ ಚೆನ್ನಾಗಿಯೇ ಕೇಳುತ್ತಿತ್ತು. ಮನೋಹರ ಇನ್ನೊಂದು ಸಲ ಹೇಳಿದ.